ನಾರಳಿ ಹುಣ್ಣಿಮೆಯ ನಾಲ್ಕನೇ ಪತ್ರ

ಧಾರವಾಡದಿಂದ ಪುಣೆಗೆ ಸೊಸೆಯಾಗಿ ಬಂದ ವರ್ಷವೇ ನಾನು ಗಂಡನ ಮನೆಯವರ ಜೊತೆ ಜಗಳ ತೆಗೆದೆ. ಒಡವೆಗಲ್ಲ, ಸೀರೆಗಲ್ಲ, ಒಂದು ತೆಂಗಿನಕಾಯಿಯ ಸಲುವಾಗಿ.

ಅವರು ಮೂಲದಲ್ಲಿ ಹುಬ್ಬಳ್ಳಿಯ ವ್ಯಾಪಾರಸ್ಥರು. ಒಂದು ಕಾಲಕ್ಕೆ ಹತ್ತಿ, ಮೆಣಸು, ಯಾಲಕ್ಕಿಯನ್ನು ಎತ್ತಿನ ಗಾಡಿಯಲ್ಲಿ ಘಟ್ಟ ಇಳಿಸಿ ಕುಮಟೆ ಬಂದರಿನಲ್ಲಿ ಹಡಗಿಗೆ ಹಾಕುತ್ತಿದ್ದರಂತೆ. ನನ್ನ ಮಾವನವರ ಅಜ್ಜ ಸ್ವತಃ ಹಡಗು ಹತ್ತಿ ಆಫ್ರಿಕಾದ ಜಂಜಿಬಾರದವರೆಗೂ ಹೋಗಿ ಬಂದಿದ್ದರು. ಆಮೇಲೆ ಹಡಗೂ ಹೋಯಿತು, ಬಂದರಿನ ವ್ಯವಹಾರವೂ ಹೋಯಿತು. ಎಪ್ಪತ್ತರ ದಶಕದಲ್ಲಿ ನಾನು ಬರುವ ಹೊತ್ತಿಗೆ ಉಳಿದಿದ್ದದ್ದು ರವಿವಾರ ಪೇಠೆಯಲ್ಲಿ ಒಂದು ಮಸಾಲೆ ಸಾಮಾನಿನ ಅಂಗಡಿ, ಅದರ ಹಿಂದೆ ಒಂದು ಹಳೇ ವಾಡೆ ಮನೆ, ಮತ್ತು ಗೋಣಿಚೀಲದಲ್ಲಿ ತುಂಬಿದರೂ ಮಿಗುವಷ್ಟು ಜಂಬ.

ಆ ಜಂಬಕ್ಕೆ ಶ್ರಾವಣದ ಹುಣ್ಣಿಮೆಯೇ ಹಬ್ಬ. ಕರಾವಳಿಯವರು ಆ ದಿನ ಸಮುದ್ರಕ್ಕೆ ತೆಂಗಿನಕಾಯಿ ಕೊಟ್ಟು, ಇನ್ನು ಹಡಗು ಬಿಡುತ್ತೇವೆ, ಕಾಪಾಡಪ್ಪ ಅಂತ ಬೇಡಿಕೊಳ್ಳುತ್ತಾರೆ. ಪುಣೆಯಲ್ಲಿ ಅದನ್ನೇ ನಾರಳಿ ಹುಣ್ಣಿಮೆ ಅನ್ನುತ್ತಾರೆ. ಆದರೆ ಪುಣೆಯಲ್ಲಿ ಸಮುದ್ರವನ್ನು ಎಲ್ಲಿಂದ ತರುವುದು? ನಮ್ಮವರು ಲಕಡಿ ಪೂಲಿನ ಮೇಲೆ ಸಾಲಾಗಿ ನಿಂತು ಮುಠಾ ನದಿಗೆ ಕಾಯಿ ಎಸೆಯುತ್ತಿದ್ದರು. ನಾನು ಶಾಲೆಯಲ್ಲಿ ಭೂಗೋಳದಲ್ಲಿ ಹುಷಾರಿದ್ದವಳು. ಬಾಯಿ ಸುಮ್ಮನಿರಲಿಲ್ಲ.

"ಮಾಮಾ, ಈ ನೀರು ಭೀಮಾ ನದಿಗೆ ಕೂಡಿ, ಪಂಢರಪುರ ದಾಟಿ, ಕೃಷ್ಣಾಕ್ಕ ಹೋಗಿ ಮೂಡಣ ಸಮುದ್ರಕ್ಕ ಬೀಳತದರೀ. ನಿಮ್ಮ ಅಜ್ಜಾರು ಹೋಗಿದ್ದು ಪಡುವಣ ಸಮುದ್ರಕ್ಕ. ಇಷ್ಟು ವರ್ಷ ತಪ್ಪು ಸಮುದ್ರಕ್ಕ ಕಾಯಿ ಕಳಿಸೀರಲ್ಲ!"

ಸೇತುವೆಯ ಮೇಲೆ ಎಲ್ಲರೂ ಕಾಯಿ ಎತ್ತಿದ ಕೈ ಇಳಿಸಿ ನನ್ನ ಕಡೆ ತಿರುಗಿದರು. ನನ್ನ ಅತ್ತಿ ಸೋಲಾಪುರದವರು, ಉತ್ತರಕ್ಕೆ ಎಂದೂ ತಡವರಿಸಿದವರಲ್ಲ. "ಪಂಢರಪುರ ದಾಟಿ ಹೋಗತದಂದ್ರ ಇನ್ನೂ ಛಲೋ ಆತು ತಗೋ. ಹೋಗೋ ದಾರ್ಯಾಗ ಕಾಯಿಗೆ ವಿಠೋಬನ ದರ್ಶನಾನೂ ಆಗತದ" ಅಂದರು. ನಿಜ ಹೇಳಬೇಕೆಂದರೆ ಕಾಯಿ ಪಂಢರಪುರವನ್ನೂ ನೋಡುತ್ತಿರಲಿಲ್ಲ. ಸ್ವಲ್ಪ ಕೆಳಗೆ ಈಜುತ್ತಿದ್ದ ಹುಡುಗರು ಅದನ್ನು ಹಿಡಿದು ಮನೆಗೆ ಒಯ್ದು ಚಟ್ನಿ ಮಾಡಿಸುತ್ತಿದ್ದರು. ಊರಿಗೆಲ್ಲ ಒಂದು ದಾರಿಯಾದರೆ ಎಡವಟ್ಟನಿಗೇ ಒಂದು ದಾರಿ ಅನ್ನುತ್ತಾರಲ್ಲ, ನಾನು ಅಂಥವರ ಮನೆಗೇ ಬಂದಿದ್ದೆ. ಮುಂದಿನ ವರ್ಷ ನಾನೂ ಸಾಲಿನಲ್ಲಿ ನಿಂತು ಎಸೆದೆ.

ಕಾಯಿ ಎಸೆದು ಬಂದು, ತೆಂಗಿನಕಾಯಿ ಬೆಲ್ಲದ ಸಿಹಿ ಅನ್ನವಾದ ನಾರಳಿ ಭಾತ ಉಂಡು, ಮಧ್ಯಾಹ್ನ ಪಡಸಾಲೆಯಲ್ಲಿ ಎಲ್ಲರೂ ಕೂಡುತ್ತಿದ್ದರು. ಮಾವನವರು ತಗಡಿನ ಡಬ್ಬಿಯಿಂದ ಆ ಅಜ್ಜ ಬರೆದ ಮೂರು ಪತ್ರ ತೆಗೆದು ಗಟ್ಟಿಯಾಗಿ ಓದುತ್ತಿದ್ದರು. ಹುಬ್ಬಳ್ಳಿಯಲ್ಲಿದ್ದ ಅಣ್ಣನಿಗೆ ಬರೆದ ಪತ್ರಗಳು. ಮೊದಲನೆಯದರಲ್ಲಿ ಬರೀ ವಾಂತಿಯ ವರ್ಣನೆ. "ಎತ್ತ ನೋಡಿದರೂ ನೀರು, ಆದರೆ ಕುಡಿಯಲು ಮಾತ್ರ ಅಳೆದು ಕೊಡುತ್ತಾರೆ. ಅತ್ತಿಗೆಯವರು ಕಟ್ಟಿಕೊಟ್ಟ ಶೇಂಗಾ ಹಿಂಡಿ ಇಲ್ಲದಿದ್ದರೆ ಈ ಪತ್ರ ಬರೆಯಲು ನಾನು ಬದುಕಿರುತ್ತಿರಲಿಲ್ಲ" ಅನ್ನುವ ಆ ಚಟ್ನಿಪುಡಿಯ ಸಾಲು ಬಂದಾಗ ಮನೆ ಮಂದಿಯೆಲ್ಲ ಒಟ್ಟಿಗೆ ಕೂಗುವುದು ರೂಢಿ. ಎರಡನೆಯದು ಜಂಜಿಬಾರದಿಂದ ಬರೆದದ್ದು: ದಂಡೆ ಕಾಣುವ ಮೊದಲೇ ಲವಂಗದ ವಾಸನೆ ಬಂತು, ಬದನೆಕಾಯಿ ಸಿಗಲಿಲ್ಲ, ಇಲ್ಲಿಯ ಮಾವಿನಹಣ್ಣು ಧಾರವಾಡದ ಆಪೂಸಿನ ಕಾಲಿನ ಧೂಳಿಗೂ ಸಮನಲ್ಲ. ಮೂರನೆಯದು ತಿರುಗಿ ಕುಮಟೆಗೆ ಬಂದು ಬರೆದದ್ದು: "ಇನ್ನು ಕೆರೆಯ ನೀರನ್ನೂ ದೂರದಿಂದಲೇ ನೋಡುತ್ತೇನೆ." ಅಷ್ಟಕ್ಕೆ ಎಲ್ಲರೂ ಚಪ್ಪಾಳೆ ತಟ್ಟುವುದು, ಚಹಾ ಕುಡಿಯುವುದು. ನನ್ನ ಗಂಡ ಮತ್ತು ಮೈದುನರು ಕಲಿತದ್ದು ಮರಾಠಿ ಶಾಲೆಯಲ್ಲಿ, ಕನ್ನಡ ಮಾತಾಡುತ್ತಿದ್ದರೇ ಹೊರತು ಓದಲು ಬರುತ್ತಿರಲಿಲ್ಲ. ನನ್ನ ಅತ್ತಿಯವರಿಗೆ ಅಕ್ಷರವೇ ಬರುತ್ತಿರಲಿಲ್ಲ. ಹಾಗಾಗಿ ಆ ಪತ್ರಗಳಲ್ಲಿ ಏನಿದೆ ಅನ್ನುವುದು ಮಾವನವರು ಓದಿದಷ್ಟೇ ಎಲ್ಲರಿಗೂ ಗೊತ್ತು.

ಎಪ್ಪತ್ತರ ದಶಕದ ಕೊನೆಯ ಒಂದು ಆಷಾಢದಲ್ಲಿ ಮಾವನವರಿಗೆ ಮೋತಿಬಿಂದು, ಅಂದರೆ ಕಣ್ಣಿನ ಪೊರೆಯ ಆಪರೇಶನ್ ಆಯಿತು. ಆಗಿನ ಆಪರೇಶನ್ ಅಂದರೆ ಮದುವೆಯಷ್ಟು ದೊಡ್ಡ ಸೋಹಳೆ. ಕಣ್ಣಿಗೆ ಹಸಿರು ಬಟ್ಟೆ. ಬಗ್ಗಬಾರದು, ಕೆಮ್ಮಬಾರದು, ಸಿಟ್ಟು ಮಾಡಬಾರದು, ಅಳಲಂತೂ ಬಾರದು. ದಿನಾ ಬಂದು ಕಣ್ಣು ತೊಳೆದು ಔಷಧದ ಹನಿ ಹಾಕಲು ಆಸ್ಪತ್ರೆಯಿಂದ ಒಬ್ಬ ನರ್ಸ್ ಹುಡುಗಿ ಗೊತ್ತಾದಳು. ಬಾಗಿಲು ತೆರೆದದ್ದು ಅತ್ತಿ. ಎದುರಿಗೆ ನಿಂತವಳದು ಕಡುಗಪ್ಪು ಬಣ್ಣ, ಸುರುಳಿ ಸುರುಳಿ ಕೂದಲು, ಬಿಳೀ ಸೀರೆ. ಆಗ ಪುಣೆಯ ಕಾಲೇಜುಗಳಲ್ಲಿ ಆಫ್ರಿಕಾದ ಹುಡುಗ ಹುಡುಗಿಯರು ಬೇಕಾದಷ್ಟು ಜನ ಓದುತ್ತಿದ್ದರು. ಅತ್ತಿ ಪರದೇಶದವಳೇ ಅಂತ ತೀರ್ಮಾನಿಸಿ, ಕಿವುಡರ ಮುಂದೆ ಕೂಗುವಂತೆ ಕೂಗಿ, ಹೆಬ್ಬೆರಳನ್ನು ಬಾಯಿಗೆ ಹಿಡಿದು, "ಪಾಣಿ? ಪಾಣಿ ಪಾಹಿಜೆ?" ಅಂದರು.

"ನೀರು ಬ್ಯಾಡ್ರೀ ಅಮ್ಮಾರ. ಚಾ ಇದ್ರ ಕೊಡ್ರಿ, ಭಾಳ ನಡದು ಬಂದೀನಿ" ಅಂದಳು ಹುಡುಗಿ.

ಅತ್ತಿ ಬಾಗಿಲಲ್ಲೇ ಕೂತುಬಿಟ್ಟರು. ನನಗೆ ನಕ್ಕು ನಕ್ಕು ಹೊಟ್ಟೆ ಹುಣ್ಣಾಯಿತು. ನಾನು ಧಾರವಾಡದವಳು, ನನಗೆ ನೋಡಿದ ಕೂಡಲೇ ತಿಳಿದಿತ್ತು. ಹಳಿಯಾಳದ ಕಡೆಯ ಸಿದ್ದಿಯವರ ಹುಡುಗಿ. ಕಾಡಿನಂಚಿನ ಊರುಗಳಲ್ಲಿ ತಲೆತಲಾಂತರದಿಂದ ಇದ್ದವರು, ನಮ್ಮ ಹಾಗೇ ಕನ್ನಡ ಆಡುವವರು. ಎಂದೋ ಆಫ್ರಿಕಾದಿಂದ ಬಂದವರು ಅನ್ನುವುದು ನಮ್ಮ ಕಡೆ ಎಲ್ಲರಿಗೂ ಗೊತ್ತು. ಹೇಗೆ ಬಂದರು ಅಂತ ಮಾತ್ರ ಯಾರೂ ಕೇಳುತ್ತಿರಲಿಲ್ಲ.

ಒಂದೇ ವಾರದಲ್ಲಿ ಆಕೆ ಮನೆಯನ್ನು ಕೈಗೆ ತೆಗೆದುಕೊಂಡಳು. ಮಾವನವರನ್ನು "ಅಜ್ಜಾರ", ನನ್ನನ್ನು "ವೈನಿ" ಅಂತ ಕರೆದು, ಅವರು ಕದ್ದು ತಿನ್ನುತ್ತಿದ್ದ ಮೆಣಸಿನಕಾಯಿ ಬಜ್ಜಿಯನ್ನು ಕಸಿದುಕೊಂಡು ತಾನೇ ತಿನ್ನುತ್ತಿದ್ದಳು. ಆಕೆಗಿದ್ದ ಚಿಂತೆ ಒಂದೇ, ಖೋಲಿಯದು, ಇರಲು ಒಂದು ಕೋಣೆಯದು. ತರಬೇತಿ ಮುಗಿದದ್ದರಿಂದ ತಿಂಗಳ ಕೊನೆಗೆ ಹಾಸ್ಟೆಲ್ ಬಿಡಬೇಕಿತ್ತು. ಬಾಡಿಗೆಗೆ ಖೋಲಿ ಸಿಗದಿದ್ದರೆ ನೌಕರಿ ಬಿಟ್ಟು ಊರಿಗೆ ಹೋಗುವುದೊಂದೇ ದಾರಿ. ನಿಗಡಿಯಲ್ಲಿ ನೋಡಿದಳು, ಬಸ್ಸಿನಲ್ಲೇ ಅರ್ಧ ಆಯುಷ್ಯ ಹೋಗುವಷ್ಟು ದೂರ. ಧನಕವಡಿಯಲ್ಲಿ ಹುಡುಕಿದಳು. ಆ ಕಥೆಯನ್ನು ಆಕೆ ನಟಿಸಿ ತೋರಿಸಬೇಕು, ನಾವು ನೋಡಬೇಕು.

"ಮನಿ ಮಾಲಕ ನನ್ನ ನೋಡಿದವನ ಕೈ ಅಡ್ಡ ಆಡಿಸಿ 'ಪರದೇಶಿ ಲೋಕಾಂನಾ ನಾಹಿ' ಅಂದನ್ರೀ ವೈನಿ. ನಾ ಮರಾಠಿಯೊಳಗ, ಕಾಕಾ, ನಾ ಪರದೇಶದಾಕಿ ಅಲ್ಲ, ಹಳಿಯಾಳದಾಕಿ ಅಂದೆ. ಅಂವಗ ಖುಷಿ ಆತು, ಒಳಗ ಕರದು ಕುಂಡರಿಸಿದ. ಆಮ್ಯಾಲೆ, ಹಂಗಾದ್ರ ನಿಮ್ಮ ಜಾತಿ ಯಾವುದು ಅಂದ. ಹೇಳಿದೆ. ಎದ್ದು ನಿಂತ. ಪರದೇಶದಾಕಿ ಆಗಿದ್ರ ಒಂದು ಸಲ ಹೊರಗ ಹಾಕತಿದ್ದ, ನಮ್ಮ ದೇಶದಾಕಿ ಅಂತ ಎರಡು ಸಲ ಹಾಕಿದ!"

ಆಕೆಯ ಜೊತೆ ನಾವೂ ನಕ್ಕೆವು. ಆದರೆ ನನಗೆ ಒಳಗೊಳಗೇ ಮೈ ಉರಿಯಿತು. ನಮ್ಮ ವಾಡೆಯ ಮಾಳಿಗೆ ಮೇಲೆ ಒಂದು ಖೋಲಿ ಖಾಲಿಯೇ ಇತ್ತು; ಅಲ್ಲಿ ಇದ್ದದ್ದು ಒಣಮೆಣಸಿನಕಾಯಿ ಚೀಲ ಮತ್ತು ಇಲಿಗಳು. ನಾನು ಅಂದೇ ಮಾವನವರನ್ನು ಕೇಳಿದೆ. ಅವರು ಗಂಟಲಲ್ಲಿ ಕಡುಬು ಸಿಕ್ಕವರಂತೆ ಕೆಮ್ಮಿ, "ವಿಚಾರ ಮಾಡೋಣು. ಹುಣ್ಣಿವಿ ಆಗಲಿ" ಅಂದರು. ನನಗೆ ಪಿತ್ತ ನೆತ್ತಿಗೇರಿತು. ಇವರಿಗೂ ಧನಕವಡಿಯ ಮಾಲಕನಿಗೂ ಏನು ಫರಕು ಅಂತ ಆ ದಿನ ಸಾರಿಗೆ ಉಪ್ಪು ಹಾಕದೆ ಬಡಿಸಿದೆ. ಅವರು ತಟ್ಟೆ ಖಾಲಿ ಮಾಡಿ ಎದ್ದರು. ಹುಡುಗಿಗೂ ಆ ಮಾತು ತಿಳಿದು, ದಿನಾ ಹನಿ ಹಾಕುವಾಗ "ಹುಣ್ಣಿವಿ ಯಾವಾಗರೀ ಅಜ್ಜಾರ?" ಅಂತ ಕೇಳತೊಡಗಿದಳು.

ಹುಣ್ಣಿಮೆ ಬಂತು. ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ಮಾವನವರು ಪತ್ರ ಓದುವ ಹಾಗಿರಲಿಲ್ಲ. ಮನೆಯಲ್ಲಿ ಕನ್ನಡ ಓದಬಲ್ಲವಳು ನಾನೊಬ್ಬಳೇ. ಬೆಳಗ್ಗೆ ಡಬ್ಬಿ ತೆಗೆದು ನನ್ನ ಕೈಗೆ ಕೊಟ್ಟು, ಹಳೇ ಕಾಲದ ಸುತ್ತು ಸುತ್ತಾದ ಕನ್ನಡ ಬರಹವಾದ್ದರಿಂದ ತಾವು ಬಾಯಿಪಾಠ ಹೇಳುತ್ತ, ನನ್ನಿಂದ ಅಕ್ಷರ ಗುರುತು ಹಿಡಿಸಿದರು. ಎರಡನೇ ಪತ್ರದ ಕೆಳಭಾಗ ಮಡಚಿತ್ತು. "ಅಲ್ಲಿ ಬರೇ ವ್ಯಾಪಾರದ ಮಾತು ಅದ, ಅದನ್ನ ಬಿಡು" ಅಂದರು. ಒಲೆಯ ಮೇಲೆ ನನ್ನ ಭಾತ ತಳ ಹಿಡಿಯುತ್ತಿತ್ತು. ಬಿಟ್ಟೆ.

ಮಧ್ಯಾಹ್ನ ನಾನು ಓದಲು ಕೂತಾಗ ಹನಿ ಹಾಕುವ ಹೊತ್ತಾಗಿ ಆಕೆಯೂ ಬಂದಳು. ಅತ್ತಿ "ಕೂಡು, ನಮ್ಮ ಮನೀ ಹಡಗಿನ ಕಥಿ ಕೇಳು" ಅಂತ ನನ್ನ ಪಕ್ಕದಲ್ಲೇ ಕೂರಿಸಿದರು. ಶೇಂಗಾ ಹಿಂಡಿಯ ಸಾಲಿಗೆ ಎಲ್ಲರೂ ಕೂಗಿದಾಗ ಆಕೆ ಬಿದ್ದು ಬಿದ್ದು ನಕ್ಕಳು. ಎರಡನೇ ಪತ್ರದ ಮಾವಿನಹಣ್ಣು ಮುಗಿಸಿ ನಾನು ಮೂರನೆಯದಕ್ಕೆ ಕೈ ಹಾಕಿದೆ. ನಾವೆಲ್ಲ ಮರೆತದ್ದೇನೆಂದರೆ, ಆಕೆಯೂ ಕನ್ನಡ ಶಾಲೆಯಲ್ಲಿ ಕಲಿತವಳು. ಓದಿನ ಜೊತೆಗೇ ಆಕೆಯ ಕಣ್ಣು ಹಾಳೆಯ ಮೇಲೆ ಓಡುತ್ತಿತ್ತು.

"ವೈನಿ, ಮಡಚಿದ್ದು ಬಿಟ್ರಲ್ಲ" ಅಂದಳು.

"ಅದು ವ್ಯಾಪಾರದ ಮಾತು" ಅಂದರು ಮಾವನವರು, ಕೂತಲ್ಲಿಂದ ಅರ್ಧ ಎದ್ದು.

"ಇರಲಿ ತಗೋರಿ, ವ್ಯಾಪಾರನೂ ಕೇಳೋಣು" ಅಂತ ಆಕೆ ಹಾಳೆ ಬಿಡಿಸಿದಳು. ಅಕ್ಷರ ಕೂಡಿಸುತ್ತ, ನಿಧಾನವಾಗಿ, ಆಕೆಯೇ ಓದಿದಳು.

"ಇಲ್ಲಿ ದನದ ಸಂತೆಯಂತೆ ಮನುಷ್ಯರ ಸಂತೆ ಇರುತ್ತದೆ. ಹಲ್ಲು ನೋಡುತ್ತಾರೆ, ನಡೆಸಿ ನೋಡುತ್ತಾರೆ. ನಮ್ಮ ಹಡಗು ನಡೆಸುವ ತಾಂಡೇಲನು ಆನೆಯ ದಂತದ ಸಂಗಡ ಕೆಲವು ಜನರನ್ನೂ ಏರಿಸಿಕೊಂಡಿದ್ದಾನೆ. ಗೋವೆಯ ಆಚೀಚೆ ಗುಟ್ಟಾಗಿ ಇಳಿಸುವುದಂತೆ. ಸರಕಿನಲ್ಲಿ ನಮ್ಮ ಪಾಲು ಇರುವುದರಿಂದ ಇದರಲ್ಲಿಯೂ ಬರುತ್ತದೆ. ನಾನು ಬೇಡ ಅನ್ನಲಿಲ್ಲ. ಗಾಳಿಗಾಗಿ ಹಡಗು ನಿಂತಿದೆ. ಒಂದು ಸಣ್ಣ ಹುಡುಗಿ ಅಳು ನಿಲ್ಲಿಸುವುದಿಲ್ಲ. ಅವಲಕ್ಕಿ ಬೆಲ್ಲ ಕೊಟ್ಟೆ, ತಿಂದಳು. ಹೆಸರು ಕೇಳಿದೆ, ಹೇಳಿದಳು. ಅದನ್ನು ಬರೆಯುವುದು ನನಗೆ ತಿಳಿಯಲಿಲ್ಲ. ಈ ಸಂಗತಿಯನ್ನು ಮನೆಯ ಹೆಂಗಸರಿಗೆ ಓದಿ ಹೇಳತಕ್ಕದ್ದಲ್ಲ."

ನನಗೆ ಇದ್ದಲ್ಲೇ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಮೊದಲು ಬಾಯಿ ತೆರೆದವರು ಅತ್ತಿ. "ಹೆಂಗಸರಿಗೆ ಓದಬಾರದಂತ! ನಾ ಈ ಮನಿಗೆ ಬಂದಾಗಿಂದ ವರ್ಷಾ ವರ್ಷಾ ಚಪ್ಪಾಳಿ ಹೊಡಸೀರಿ ನನ್ನ ಕಡಿಂದ. ಇದಕ್ಕೇನು?" ಅಂತ ಗಂಡನ ಮೇಲೆ ಹರಿಹಾಯ್ದರು. ಮಾವನವರ ಹಸಿರು ಬಟ್ಟೆಯ ಕೆಳಗಿಂದ ನೀರು ಇಳಿಯುತ್ತಿತ್ತು.

ಹುಡುಗಿ ಪತ್ರವನ್ನು ಮಡಚದೆ ನನ್ನ ಕೈಗಿಟ್ಟಳು. ಎದ್ದು ಹೋಗಿ ಅವರ ಗಲ್ಲ ಹಿಡಿದು ಮೇಲೆತ್ತಿ, "ಅಳಬ್ಯಾಡ್ರಿ ಅಂದ್ರ ಅಳಬ್ಯಾಡ್ರಿ! ಹೊಲಿಗಿ ಬಿಚ್ಚತಾವು" ಅಂತ ಗದರಿಸಿ, ಕಣ್ಣು ಒರೆಸಿ, ಹನಿ ಹಾಕಿ, ಚಹಾ ಕುಡಿಯದೆ ಹೊರಟುಹೋದಳು. ಖೋಲಿಯ ಮಾತು ಆಕೆಯೂ ಎತ್ತಲಿಲ್ಲ, ನಾವೂ ಎತ್ತಲಿಲ್ಲ.

ಮರುದಿನ ಬರಲಿಲ್ಲ. ಅದರ ಮರುದಿನವೂ ಬರಲಿಲ್ಲ. ಹನಿ ಹಾಕುವ ಕೆಲಸ ನನಗೆ ಬಿತ್ತು. ಮಾವನವರು ಗುಬ್ಬಚ್ಚಿಯಂತೆ ಮುದುಡಿ ಕೂತಿದ್ದರು. "ಗೊತ್ತಿದ್ದೇ ನಾ ಖೋಲಿಗೆ ಹೂಂ ಅನ್ನಲಿಲ್ಲವ್ವಾ" ಅಂದರು ನನ್ನ ಹತ್ತಿರ. "ಆ ಹುಡುಗೀನ ಮನ್ಯಾಗ ಇಟಗೊಂಡು, ಆಕಿ ಮುಂದ ವರ್ಷಾ ವರ್ಷಾ ಅದನ್ನ ಮಡಚಿ ಓದೋದು ಹ್ಯಾಂಗ? ನಮ್ಮಪ್ಪ ಮಡಚಿ ಕೊಟ್ಟ, ನಾನೂ ಮಡಚಿದೆ." ಉಪ್ಪಿಲ್ಲದ ಸಾರು ಉಣ್ಣಿಸಿದ್ದಕ್ಕೆ ನನಗೆ ಆ ಮುದುಕನ ಮೇಲೆ ಅಯ್ಯೋ ಅನ್ನಿಸಿತು.

ಅತ್ತಿ ಅಯ್ಯೋ ಅನ್ನುತ್ತ ಕೂರುವವರಲ್ಲ. ಮಂಡಯಿ ತರಕಾರಿ ಪೇಟೆಯ ಆಚೆ ಒಬ್ಬರೇ ಹೋಗಿ ಗೊತ್ತಿಲ್ಲದವರು ಅವತ್ತು ಸೆರಗು ಬಿಗಿದು, ಡಬ್ಬಿಯಲ್ಲಿ ಹೊಸದಾಗಿ ಮಾಡಿದ ನಾರಳಿ ಭಾತ ತುಂಬಿಸಿ, ನನ್ನನ್ನು ಎಳೆದುಕೊಂಡು ರಿಕ್ಷಾ ಹತ್ತಿದರು. ನರ್ಸ್ ಹಾಸ್ಟೆಲಿನ ಗೇಟಿನಲ್ಲಿ ಕಾವಲುಗಾರ ಬಿಡಲಿಲ್ಲ. ಅತ್ತಿ ಅಲ್ಲೇ ನಿಂತು, "ಹಳಿಯಾಳದಾಕೀ! ಕೆಳಗ ಬಾ!" ಅಂತ ಕೂಗಿದ ಕೂಗಿಗೆ ಕಿಟಕಿ ಕಿಟಕಿಗೂ ಒಂದೊಂದು ತಲೆ ಬಂತು. ಹುಡುಗಿ ಓಡುತ್ತ ಬಂದಳು, ನಾಚಿಕೆಗೋ ಸಿಟ್ಟಿಗೋ ಮುಖ ಬಿಗಿದಿತ್ತು.

"ನಮ್ಮ ಹಿರಿಯಾರು ಮಾಡಿದ್ದು ಹೊಲಸು ಕೆಲಸ. ಅದಕ್ಕ ಬ್ಯಾರೆ ಹೆಸರಿಲ್ಲ" ಅಂದರು ಅತ್ತಿ. "ನೀ ಸಿಟ್ಟು ಮಾಡು, ನಾ ಬ್ಯಾಡ ಅನ್ನಂಗಿಲ್ಲ. ಆದ್ರ ಸಿಟ್ಟು ನಮ್ಮ ಮನಿಗೇ ಬಂದು ಮಾಡು. ಈಕಿ ಹನಿ ಹಾಕತೀನಂತ ಹೇಳಿ ಆ ಮುದುಕನ ಮೂಗಿನ್ಯಾಗ ಹಾಕಲಿಕತ್ತಾಳ."

ಆಕೆಗೆ ನಗು ತಡೆಯಲಾಗಲಿಲ್ಲ, ನಗುತ್ತಲೇ ಅಳು ಬಂತು. "ಸಿಟ್ಟು ಬಂದಿತ್ರೀ ಅಮ್ಮಾರ. ಯಾರ ಮ್ಯಾಲೆ ಮಾಡಬೇಕಂತ ತಿಳೀವಲ್ದಾಗಿತ್ತು. ಆ ಸಣ್ಣ ಹುಡುಗಿ ತಲ್ಯಾಗಿಂದ ಹೋಗವಲ್ಲಳು. ಹೆಸರು ಹೇಳಿದಳಂತ, ಬರೀಲಿಲ್ಲಂತ." ಅತ್ತಿ ಆಕೆಯನ್ನು ಬೀದಿಯಲ್ಲೇ ತಬ್ಬಿಕೊಂಡರು. ಮೂವರೂ ಅದೇ ರಿಕ್ಷಾದಲ್ಲಿ ಒತ್ತೊತ್ತಾಗಿ ಕೂತು ಮನೆಗೆ ಬಂದೆವು.

ಮಾವನವರು ಆಕೆಯ ಕಾಲಸಪ್ಪಳ ಕೇಳಿದ ಕೂಡಲೇ, "ಖೋಲಿ ನಿಂದವ್ವಾ. ಬಾಡಿಗಿ ಬ್ಯಾಡ, ಏನೂ ಬ್ಯಾಡ, ಇರು" ಅಂದರು.

"ಬಾಡಿಗಿ ಯಾಕ ಬ್ಯಾಡ್ರಿ? ಪಗಾರ ಬರತದ ನನಗ. ಎಲ್ಲಾರು ಎಷ್ಟು ಕೊಡತಾರೋ ಅಷ್ಟು ಕೊಡತೀನಿ, ಪಾವತಿ ಹರದು ಕೊಡ್ರಿ" ಅಂದಳು ಖಡಕ್ಕಾಗಿ. "ಒಂದ ಮಾತು. ಹುಣ್ಣಿವಿ ದಿನಾ ಎಲ್ಲಾ ಓದಬೇಕು, ಮಡಚಂಗಿಲ್ಲ. ಮತ್ತ ನಿಮ್ಮ ಅಜ್ಜಾರು ಮೂರು ಪತ್ರ ಬರದಾರ, ಹಡಗಿನ್ಯಾಗ ಕೆಳಗಿದ್ದವರು ಒಂದೂ ಬರದಿಲ್ಲ. ಆ ಕಡಿಂದ ನಾ ಒಂದು ಬರೀತೀನಿ. ಅದನ್ನೂ ಓದಬೇಕು."

ಇಲಿಗಳನ್ನು ಓಡಿಸಿ, ಮೆಣಸಿನಕಾಯಿ ಚೀಲ ಇಳಿಸಿ, ಖೋಲಿಗೆ ಸುಣ್ಣ ಹೊಡೆಸಿದೆವು. ಎಷ್ಟು ತೊಳೆದರೂ ಘಾಟು ಹೋಗಲಿಲ್ಲ. ಮೊದಲ ತಿಂಗಳು ಆಕೆ ಸೀನುವುದು ಕೆಳಗೆ ಅಂಗಡಿಯವರೆಗೂ ಕೇಳುತ್ತಿತ್ತು. ಗಿರಾಕಿಗಳು "ವರ್ ಕೋಣ್?", ಮೇಲೆ ಯಾರು ಅಂತ ಕೇಳಿದರೆ ಅತ್ತಿ "ಆಮಚೀಚ್" ಅನ್ನುತ್ತಿದ್ದರು, ನಮ್ಮವಳೇ ಅಂತ. ಜಾತಿ ಕೇಳಿದವರಿಗೆ ತೂಕದಲ್ಲಿ ಕಡಿಮೆ ಹಾಕಿ ಅಂತ ನನ್ನ ಗಂಡನಿಗೆ ನಾನು ಹೇಳಿದ್ದೆ. ಅವರು ಹಾಕಲಿಲ್ಲ, ಸತ್ಯವಂತರು.

ಮುಂದಿನ ಹುಣ್ಣಿಮೆಗೆ ಆಕೆ ಲಕಡಿ ಪೂಲಿನಿಂದ ಎಸೆದ ಕಾಯಿ ಎಲ್ಲರದ್ದಕ್ಕಿಂತ ದೂರ ಬಿತ್ತು. ಮನೆಗೆ ಬಂದು ಉಂಡೆವು. ಸೋಡಾ ಬಾಟಲಿಯ ತಳದಂಥ ದಪ್ಪ ಕನ್ನಡಕ ಹಾಕಿಕೊಂಡು ಮಾವನವರು ತಾವೇ ಓದಲು ಕೂತರು. ಶೇಂಗಾ ಹಿಂಡಿಗೆ ಎಲ್ಲರೂ ಕೂಗಿದೆವು. ಎರಡನೇ ಪತ್ರ ಬಿಚ್ಚಿದರು, ಮಡಿಕೆ ಬಿಡಿಸಿದರು, ಕೊನೆಯವರೆಗೂ ಓದಿದರು. ಧ್ವನಿ ಎರಡು ಕಡೆ ನಿಂತಿತು, ಆದರೂ ಓದಿದರು. ಯಾರೂ ಚಪ್ಪಾಳೆ ತಟ್ಟಲಿಲ್ಲ. ಮೂರನೆಯದು ಮುಗಿಸಿ, ಡಬ್ಬಿಯಿಂದ ನೀಲಿ ಬಣ್ಣದ ಇನ್‌ಲ್ಯಾಂಡ್ ಪತ್ರ ತೆಗೆದರು. ಆಕೆ ಊರಿನಲ್ಲಿರುವ ತನ್ನ ಅಜ್ಜಿಗೆ ಬರೆದದ್ದು, ಅಂಚೆಗೆ ಹಾಕುವ ಮೊದಲು ನಮಗೆ ಓದಲು ಕೊಟ್ಟಿದ್ದಳು.

"ಅಜ್ಜೀ, ನಾನು ಆರಾಮ ಅದೇನಿ. ನನಗ ಪುಣೇದಾಗ ಖೋಲಿ ಸಿಕ್ಕು ವರ್ಷಾಗಲಿಕ್ಕೆ ಬಂತು. ಖೋಲಿ ತುಂಬ ಮೆಣಸಿನಕಾಯಿ ವಾಸನಿ. ಕೆಳಗಿನ ವೈನಿಗೆ ಸಿಟ್ಟು ಬಂದ್ರ ಸಾರಿಗೆ ಉಪ್ಪು ಹಾಕಂಗಿಲ್ಲ, ಅದಕ್ಕ ಅವರ ಸಾರು ಉಂಡು ಅವತ್ತಿನ ಹವಾ ತಿಳಕೋತೀನಿ." ಇಲ್ಲಿ ಮಾವನವರು ನಿಂತು ನನ್ನ ಕಡೆ ನೋಡಿದರು. "ಎಲ್ಲಾ ಓದಬೇಕಂತ ಕರಾರದರೀ" ಅಂದಳು ಆಕೆ. ನಕ್ಕು ನಕ್ಕು ಅತ್ತಿಯವರಿಗೆ ಕೆಮ್ಮು ಹತ್ತಿತು. ನನಗೆ ಸಿಟ್ಟೂ ಬಂತು, ನಗೂ ಬಂತು.

ಮಾವನವರು ಕನ್ನಡಕ ಸರಿಪಡಿಸಿಕೊಂಡು ಮುಂದಕ್ಕೆ ಓದಿದರು. "ಈ ಮನಿ ಹಿರಿಯಾರು ಜಂಜಿಬಾರಕ್ಕ ಹೋಗಿ ಬಂದ ಹಡಗಿನ್ಯಾಗ ನಮ್ಮವರನ್ನ ತಂದಿದ್ರೋ, ಬ್ಯಾರೆ ಹಡಗಿನ್ಯಾಗ ತಂದಿದ್ರೋ ಯಾರಿಗೂ ಗೊತ್ತಿಲ್ಲ. ಆ ಸಣ್ಣ ಹುಡುಗಿ ನಿನ್ನ ಅಜ್ಜಿ ಆಗಿದ್ಲೋ, ಮತ್ತ್ಯಾರದೋ, ಅದೂ ಗೊತ್ತಿಲ್ಲ. ಆಕಿ ಸಲುವಾಗಿ ಹುಣ್ಣಿವಿ ದಿನಾ ಒಂದು ಕಾಯಿ ನೀರಿಗೆ ಬಿಡತೀನಿ. ನೀ ಕಾಳಜಿ ಮಾಡಬ್ಯಾಡ ಅಜ್ಜೀ. ನನ್ನ ಯಾರೂ ತಂದಿಲ್ಲ. ನಾ ಹಳಿಯಾಳದಿಂದ ಬಸ್ಸಿಗೆ ಟಿಕೀಟು ತಗದು, ಕಿಡಕಿ ಬಾಜೂಕ ಕೂತು ಬಂದೀನಿ. ಇಂತಿ ನಿನ್ನ ಮೊಮ್ಮಗಳು." ಅದರ ಕೆಳಗೆ ಆಕೆಯ ಹೆಸರಿತ್ತು. ಮಾವನವರು ಅದನ್ನು ಒಂದೊಂದೇ ಅಕ್ಷರ ಬಿಡಿಸಿ, ಗಟ್ಟಿಯಾಗಿ ಓದಿದರು.